ಕುದುರೆಗೇ ಕಾಲು ನೋವು ಬಂದರೆ?

‘ಕುದುರೆ ಕಂಡರೆ ಕಾಲು ನೋವು’ ಎಂಬ ಗಾದೆಯನ್ನು ನಮ್ಮಲ್ಲಿ ಕೇಳದವರು ವಿರಳ. ದಿನವಿಡೀ ನಡೆದು ಬಂದರೂ ಬಾರದ ಆಯಾಸ, ಏರಲು ಕುದುರೆಯೊಂದು ಸಿದ್ಧವಾಗಿದೆಯೆಂದು ತಿಳಿದ ಕೂಡಲೇ ಬಂದುಬಿಡುವುದು ಮನುಷ್ಯಸ್ವಭಾವ. ಆದರೆ ಕುದುರೆಗೇ ಕಾಲು ನೋವು ಬಂದರೆ? ಅದು ಯಾರನ್ನು ಕಂಡು ನಿಟ್ಟುಸಿರು ಬಿಡಬೇಕು?

ಈ ಪ್ರಶ್ನೆ ನನ್ನನ್ನು ಕಾಡತೊಡಗಿದುದು ಮಂಗಳೂರಿನ ಕಾವೂರಿನಲ್ಲಿ. ನಮ್ಮ ನೆರೆಯ ಹಿತ್ತಿಲಿನಲ್ಲಿ, ತೆಂಗಿನ ಗರಿಯ ಮಾಡಿನ ಕೆಳಗೆ, ಬಿಳಿಯ ಹೆಣ್ಣು ಕುದುರೆಯೊಂದಿದೆ. ಅದರ ಯಜಮಾನನಿಗೆ ಆ ಕುದುರೆಯೇ ಗದ್ದೆ, ಅದೇ ಅಂಗಡಿ. ರಜೆಯ ದಿನಗಳಲ್ಲಿ ಆತ ಕೂಳೂರಿನ ದಾರಿಯಾಗಿ ಪಣಂಬೂರಿನ ಕಡಲತೀರಕ್ಕೆ ಹೋಗಿ, ಮಕ್ಕಳನ್ನು ಅದರ ಬೆನ್ನ ಮೇಲೆ ಕುಳ್ಳಿರಿಸಿ ನಡೆಸುತ್ತಾನೆ; ಮದುವೆಯ ದಿನಗಳಲ್ಲಿ ದಿಬ್ಬಣಕ್ಕೆ ಕರೆದೊಯ್ಯುತ್ತಾನೆ. ಮನೆಯ ಅಕ್ಕಿ, ಮಗಳ ಶಾಲೆಯ ಫೀಸು, ಎಲ್ಲವೂ ಆ ನಾಲ್ಕು ಕಾಲುಗಳ ಮೇಲೆಯೇ ನಿಂತಿವೆ.

ಡಿಸೆಂಬರ್ ತಿಂಗಳ ಒಂದು ಸಂಜೆ ಹುಮ್ಮಸ್ಸಿನ ತರುಣನೊಬ್ಬ ಹೆಚ್ಚು ಹಣ ಕೊಟ್ಟು, ಕಾಲು ಹೂತುಹೋಗುವಂತಹ ಒಣ ಮರಳಿನಲ್ಲಿ ಅದನ್ನು ನಾಗಾಲೋಟದಿಂದ ಓಡಿಸಿದ. ಮರುದಿನ ಬೆಳಿಗ್ಗೆ ಕುದುರೆ ಎಡ ಮುಂಗಾಲನ್ನು ನೆಲಕ್ಕೆ ಊರಲೊಲ್ಲದು. ಮೊಣಕಾಲಿನ ಕೆಳಗೆ ಹಿಂಬದಿಯಲ್ಲಿ ಊತ, ಮುಟ್ಟಿದರೆ ಬಿಸಿ. ಪಕ್ಕದಿಂದ ನೋಡಿದರೆ ಕಾಲು ಬಿಲ್ಲಿನಂತೆ ಹಿಂದಕ್ಕೆ ಉಬ್ಬಿತ್ತು. ಬಂದು ಪರೀಕ್ಷಿಸಿದ ಪಶುವೈದ್ಯರು ಹೇಳಿದರು: “ಮೂಳೆ ಮುರಿದಿಲ್ಲ. ಹುರಿ ಹರಿದಿದೆ.”

ಬೆರಳ ತುದಿಯಲ್ಲಿ ನಿಂತ ಪ್ರಾಣಿ

ವೈದ್ಯರು ‘ಹುರಿ’ ಎಂದು ಕರೆದುದು ಸ್ನಾಯುರಜ್ಜುವನ್ನು, ಎಂದರೆ ಮಾಂಸಖಂಡವನ್ನು ಮೂಳೆಗೆ ಬಿಗಿದು ಕಟ್ಟಿರುವ ಬಿಳಿಯ ಹಗ್ಗವನ್ನು. ನಮ್ಮ ಹಿಮ್ಮಡಿಯ ಮೇಲೆ ಬೆರಳಿಗೆ ಗಟ್ಟಿಯಾಗಿ ಸಿಗುವುದೂ ಇಂತಹದೇ ಒಂದು ರಜ್ಜು.

ಕುದುರೆಯ ಕಾಲಿನ ರಚನೆ ವಿಚಿತ್ರವಾದುದು. ಅದರ ಮುಂಗಾಲಿನ ‘ಮೊಣಕಾಲು’ ಎಂದು ನಾವು ಕರೆಯುವ ಭಾಗವು ನಮ್ಮ ಮಣಿಕಟ್ಟಿಗೆ ಸಮನಾದುದು. ಗೊರಸೆಂದರೆ ಮಧ್ಯದ ಬೆರಳಿನ ಉಗುರು. ಎಂದರೆ 450-500 ಕಿಲೋ ತೂಗುವ ಓಟದ ಕುದುರೆಯೊಂದು ಒಂದೊಂದು ಕಾಲಿಗೆ ಒಂದೊಂದೇ ಬೆರಳಿನ ತುದಿಯಲ್ಲಿ ನಿಂತಿರುತ್ತದೆ! ಆ ಭಾರದಲ್ಲಿ ನೂರಕ್ಕೆ ಸುಮಾರು 60 ಪಾಲು ಮುಂಗಾಲುಗಳ ಮೇಲೆ ಬೀಳುತ್ತದೆ. ಮೊಣಕಾಲಿನ ಕೆಳಗೆ ಹೇಳಿಕೊಳ್ಳುವಂತಹ ಮಾಂಸಖಂಡವೇ ಇಲ್ಲ. ಮೇಲಿನ ಖಂಡಗಳು ಉದ್ದವಾದ ರಜ್ಜುಗಳ ಮೂಲಕ ಕೆಳಗಿನ ಕೀಲುಗಳನ್ನು ಎಳೆದು ಹಿಡಿಯುತ್ತವೆ.

ನಾಗಾಲೋಟದಲ್ಲಿ ದೇಹದ ಭಾರವೆಲ್ಲ ಒಂದೇ ಮುಂಗಾಲಿನ ಮೇಲೆ ಬೀಳುವ ಕ್ಷಣವೊಂದುಂಟು. ವೇಗದ ದೆಸೆಯಿಂದ ಆಗ ಆ ಕಾಲಿನ ಮೇಲಿನ ಒತ್ತಡ ಕುದುರೆಯ ತೂಕದ ಇಮ್ಮಡಿಯನ್ನೂ ಮೀರುತ್ತದೆ. ಹಿಂಬದಿಯ ರಜ್ಜು ರಬ್ಬರಿನಂತೆ ಹಿಗ್ಗಿ, ಮರುಕ್ಷಣವೇ ಕುಗ್ಗಿ, ಕಾಲನ್ನು ಮುಂದಕ್ಕೆ ಚಿಮ್ಮಿಸುತ್ತದೆ. ಕುದುರೆ ಹೆಚ್ಚು ದಣಿಯದೆ ಓಡುವುದರ ಗುಟ್ಟು ಇದೇ. ಅದರ ಗಂಡಾಂತರವೂ ಇದೇ. ಪೂರ್ಣವೇಗದಲ್ಲಿ ಆ ರಜ್ಜು ತನ್ನ ಉದ್ದದ ನೂರಕ್ಕೆ 16 ಪಾಲಿನಷ್ಟು ಹಿಗ್ಗುವುದುಂಟೆಂದು ಅಳೆದವರಿದ್ದಾರೆ. ಹರಿಯುವ ಮಿತಿಗೆ ಅದು ಬಹಳ ದೂರವಿಲ್ಲ. ಜೊತೆಗೆ, ಹಿಗ್ಗಿ ಕುಗ್ಗುವುದರಿಂದ ರಜ್ಜುವಿನ ಒಡಲಿನಲ್ಲಿ ಕಾವು 45 ಡಿಗ್ರಿ ಸೆಲ್ಸಿಯಸ್‌ವರೆಗೂ ಏರುತ್ತದೆ. ಹೀಗೆ ದಿನದಿನವೂ ಎಳೆಗಳು ಒಂದೊಂದಾಗಿ ಸವೆಯುತ್ತಿದ್ದು, ಒಂದು ದಿನ ಗೊಂಚಲಾಗಿ ಹರಿಯುತ್ತವೆ. ಆ ಭಾಗಕ್ಕೆ ರಕ್ತದ ಪೂರೈಕೆ ಕಡಿಮೆಯಾದುದರಿಂದ ಗುಣವಾಗುವುದೂ ನಿಧಾನ.

ಬರೆಯಿಂದ ಅಲ್ಟ್ರಾಸೌಂಡಿನವರೆಗೆ

ಕುದುರೆಯ ವೈದ್ಯ ನಮ್ಮವರಿಗೆ ಹೊಸತಲ್ಲ. ಅರಬ್ಬೀ ಕುದುರೆಗಳು ಹಡಗುಗಳಲ್ಲಿ ಬಂದು ಭಟ್ಕಳದ ಬಂದರಿನಲ್ಲಿ ಇಳಿದು ವಿಜಯನಗರಕ್ಕೆ ಸಾಗುತ್ತಿದ್ದ ಕಾಲವೊಂದಿತ್ತು. ಅಭಿನವಚಂದ್ರನೆಂಬ ಕವಿ ಅಶ್ವವೈದ್ಯವನ್ನು ಕುರಿತು ಕನ್ನಡದಲ್ಲಿಯೇ ಗ್ರಂಥ ರಚಿಸಿದ್ದಾನೆ.

ಆದರೆ ಹರಿದ ರಜ್ಜುವಿಗೆ ಲೋಕವೆಲ್ಲ ಬಹುಕಾಲ ನಂಬಿದ್ದ ಚಿಕಿತ್ಸೆಯೆಂದರೆ ಬರೆ. ಕಾದ ಕಬ್ಬಿಣದಿಂದ ಕಾಲನ್ನು ಸುಟ್ಟರೆ ರಕ್ತ ನುಗ್ಗಿ ಬಂದು ಗಾಯ ಮಾಯುವುದೆಂಬುದು ನಂಬಿಕೆ. ಬ್ರಿಟನ್ನಿನ ಬ್ರಿಸ್ಟಲ್ ವಿಶ್ವವಿದ್ಯಾನಿಲಯದ ಸಂಶೋಧಕರು ಇದನ್ನು ಪರೀಕ್ಷಿಸಿ, ಬರೆಯಿಂದ ರಜ್ಜುವಿಗೆ ಲಾಭವಿಲ್ಲವೆಂದು 1983ರಲ್ಲಿ ಪ್ರಕಟಿಸಿದರು. 1991ರಲ್ಲಿ ಆ ದೇಶದ ಪಶುವೈದ್ಯರ ರಾಯಲ್ ಕಾಲೇಜು ಇದು ವೃತ್ತಿಧರ್ಮಕ್ಕೆ ಸಲ್ಲದೆಂದು ಸಾರಿತು. ಬರೆಯ ಬಳಿಕ ಕೆಲವು ಕುದುರೆಗಳು ಗುಣವಾದುದಕ್ಕೆ ಕಾರಣ ಬೆಂಕಿಯಲ್ಲ. ಸುಟ್ಟ ಗಾಯದ ದೆಸೆಯಿಂದ ಅವುಗಳಿಗೆ ದೊರೆತ ತಿಂಗಳುಗಟ್ಟಲೆಯ ವಿಶ್ರಾಂತಿ.

ಇಂದಿನ ಚಿಕಿತ್ಸೆ ತಣ್ಣೀರಿನಿಂದ ಆರಂಭವಾಗುತ್ತದೆ. ನಮ್ಮ ನೆರೆಯವನ ಬಾವಿಕಟ್ಟೆಯಲ್ಲಿ ದಿನಕ್ಕೆ ಮೂರು ನಾಲ್ಕು ಬಾರಿ, ಪ್ರತಿಸಲವೂ ಅರ್ಧ ಗಂಟೆಯ ಹೊತ್ತು, ಕುದುರೆಯ ಕಾಲಿಗೆ ನೀರು ಬಿಡಲಾಯಿತು. ಅನಂತರ ದಪ್ಪ ಹತ್ತಿಯನ್ನಿಟ್ಟು ಹದವಾಗಿ ಬ್ಯಾಂಡೇಜು. ಬಾವನ್ನು ಇಳಿಸಲು ವೈದ್ಯರೇ ಗೊತ್ತುಮಾಡಿದ ಔಷಧ. ಕಟ್ಟಿದ ಜಾಗದಿಂದ ಕದಲದಂತೆ ವಿಶ್ರಾಂತಿ. ಒಂದು ವಾರದ ಮೇಲೆ ವೈದ್ಯರು ಕೈಪೆಟ್ಟಿಗೆಯಷ್ಟು ಗಾತ್ರದ ಅಲ್ಟ್ರಾಸೌಂಡ್ ಯಂತ್ರವನ್ನು ತಂದರು. ರಜ್ಜುವಿನ ನಡುವೆ ಕಪ್ಪು ಮಚ್ಚೆಯೊಂದು ಕಂಡಿತು. ಎಳೆಗಳು ಹರಿದುಹೋದ ಜಾಗ ಅದು.

ದೊಡ್ಡ ಪಂದ್ಯಗಳ ಕುದುರೆಗಳಿಗೆ ಅವುಗಳದೇ ರಕ್ತದಿಂದ ಬೇರ್ಪಡಿಸಿದ ಕಿರುಬಿಲ್ಲೆಗಳನ್ನೋ, ಮೂಳೆಯ ಮಜ್ಜೆಯಿಂದ ತೆಗೆದು ಬೆಳೆಸಿದ ಆಕರಕೋಶಗಳನ್ನೋ ಗಾಯದೊಳಕ್ಕೆ ಚುಚ್ಚುವುದೂ ಉಂಟು. ಆದರೆ ಇವಾವುವೂ ಕಾಲವೆಂಬ ಔಷಧಕ್ಕೆ ಬದಲಾಗಲಾರವು.

ನೋವು ಹೋದರೆ ಗುಣವಾಯಿತೆ?

ಆರು ವಾರ ಕಳೆಯಿತು. ಊತ ಇಳಿಯಿತು, ಕುಂಟುವುದು ನಿಂತಿತು.

“ಕುದುರೆ ಸರಿಯಾಯಿತಲ್ಲ ಡಾಕ್ಟ್ರೇ, ಇನ್ನು ಎಂತಕ್ಕೆ ಕಟ್ಟಿ ಹಾಕುವುದು?” ಎಂದು ಯಜಮಾನ ಕೇಳಿದ.

“ನೋವು ಮಾತ್ರ ಹೋಗಿದೆ. ಈಗ ಅಲ್ಲಿರುವುದು ತೇಪೆ, ಹೊಸ ಬಟ್ಟೆ ಅಲ್ಲ. ಇನ್ನೂ ಒಂದು ವರ್ಷ ಬೇಕು,” ಎಂದರು ವೈದ್ಯರು.

ಎಲ್ಲ ಅನರ್ಥಕ್ಕೂ ಮೂಲ ಇಲ್ಲಿಯೇ. ಹರಿದ ಜಾಗದಲ್ಲಿ ಮೊದಲು ಬೆಳೆಯುವ ಎಳೆಗಳು ದುರ್ಬಲ, ಅಡ್ಡಾದಿಡ್ಡಿ. ಅವು ಉದ್ದುದ್ದಕ್ಕೆ ಹೊಂದಿಕೊಂಡು ಬಲಿಯಲು 9ರಿಂದ 18 ತಿಂಗಳು ಹಿಡಿಯುತ್ತದೆ. ಆಗಲೂ ಮೊದಲಿನ ಹಿಗ್ಗುವ ಗುಣ ಪೂರ್ತಿ ಬಾರದು. ಆದರೆ ನೋವು ಮಾತ್ರ ಕೆಲವೇ ವಾರಗಳಲ್ಲಿ ಮಾಯವಾಗುತ್ತದೆ.

ಒಂದು ವರ್ಷ! ಸಂಬಳ ತಪ್ಪದೆ ಬರುವ ನಮ್ಮಂತಹವರಿಗೆ ಈ ಮಾತು ಸುಲಭ. ಮಾರ್ಚ್ ತಿಂಗಳಲ್ಲಿ ಮದುವೆಯೊಂದರ ಕರೆ ಬಂದಾಗ ಆತನಿಂದ ತಡೆಯಲಾಗಲಿಲ್ಲ. ಡಾಮರು ರಸ್ತೆ, ವಾದ್ಯದ ಅಬ್ಬರ, ಪಟಾಕಿಗೆ ಬೆದರಿದ ಕುದುರೆ. ಮರುದಿನ ಕಾಲು ಮತ್ತೆ ಬಿಲ್ಲಾಗಿತ್ತು. ಬಾವಿಕಟ್ಟೆಯಲ್ಲಿ ನೀರು ಬಿಡುತ್ತ ಆತ ಮುಖ ಮರೆಸಿಕೊಂಡು ಅತ್ತುದನ್ನು ನಾನು ಕಂಡೆ.

ಇಬ್ಬರು ರೋಗಿಗಳ ಗೆಲುವು

ಆ ದಿನ ಆತನಿಗೆ ನಾನು ಹೇಳಿದುದು ಇಂಗ್ಲೆಂಡಿನ ಆಲ್ಡನಿಟಿ ಎಂಬ ಕುದುರೆಯ ಕಥೆ. 1979ರಲ್ಲಿ ಅದರ ಕಾಲಿನ ರಜ್ಜು ಹರಿಯಿತು. ಅದನ್ನು ಕೊಲ್ಲುವುದೇ ಲೇಸೆಂಬ ಮಾತೂ ಬಂದಿತು. ಅದೇ ವರ್ಷ ಅದರ ಸವಾರ ಬಾಬ್ ಚಾಂಪಿಯನ್ ಕ್ಯಾನ್ಸರಿಗೆ ತುತ್ತಾಗಿ ಆಸ್ಪತ್ರೆ ಸೇರಿದ್ದ. ಕುದುರೆಯ ಒಡೆಯರು ಅವಸರಪಡಲಿಲ್ಲ. ಒಂದು ವರ್ಷಕ್ಕೂ ಮಿಕ್ಕಿ ಅದನ್ನು ಸಾಕಿ ಸಲಹಿದರು. 1981ರ ಏಪ್ರಿಲ್ 4ರಂದು, ಸುಮಾರು 7 ಕಿಲೋಮೀಟರ್ ದೂರ ಓಡಿ 30 ತಡೆಗಳನ್ನು ಹಾರಬೇಕಾದ ಗ್ರ್ಯಾಂಡ್ ನ್ಯಾಷನಲ್ ಪಂದ್ಯವನ್ನು, ಗುಣಮುಖನಾದ ಅದೇ ಸವಾರನನ್ನು ಹೊತ್ತು ಅದೇ ಕುದುರೆ ಗೆದ್ದಿತು. ಇವರ ಕಥೆ 1984ರಲ್ಲಿ ಚಲನಚಿತ್ರವೂ ಆಯಿತು.

“ಅವರಿಗೆ ದುಡ್ಡಿತ್ತು ಸ್ವಾಮೀ,” ಎಂದ ಆತ. ನನ್ನಲ್ಲಿ ಉತ್ತರವಿರಲಿಲ್ಲ.

ಉತ್ತರ ಕೊಟ್ಟವಳು ಆತನ ಹೆಂಡತಿ. ಬೀಡಿ ಕಟ್ಟುವ ಸೂಪನ್ನು ಅವಳು ಮತ್ತೆ ಕೈಗೆತ್ತಿಕೊಂಡಳು. ಆತ ರಾತ್ರಿಯ ಕಾವಲಿನ ಕೆಲಸ ಹಿಡಿದ. ಮೇ ತಿಂಗಳ ಕೊನೆಗೆ ಪತ್ತನಾಜೆ ಬಂದಿತು. ತುಳುನಾಡಿನಲ್ಲಿ ಅಂದು ಯಕ್ಷಗಾನದ ಮೇಳಗಳು ಗೆಜ್ಜೆ ಬಿಚ್ಚುತ್ತವೆ, ಕೋಲ ನೇಮಗಳು ನಿಲ್ಲುತ್ತವೆ. ಮಳೆಗಾಲದಲ್ಲಿ ಕಡಲತೀರಕ್ಕೂ ಜನ ಸುಳಿಯರು. “ಮೇಳದವರೇ ಸುಮ್ಮನೆ ಕೂರುತ್ತಾರೆ, ನಮ್ಮ ಕುದುರೆಯೂ ಕೂರಲಿ,” ಎಂದಳು ಆಕೆ.

ಮಳೆ ಬಿಟ್ಟ ಹೊತ್ತಿನಲ್ಲಿ ದಿನಕ್ಕೆ ಹತ್ತು ನಿಮಿಷದ ನಡಿಗೆ. ವಾರ ಕಳೆದಂತೆ ಐದೈದು ನಿಮಿಷ ಹೆಚ್ಚು. ಎರಡು ಮೂರು ತಿಂಗಳಿಗೊಮ್ಮೆ ಯಂತ್ರದ ಪರೀಕ್ಷೆ. ಪ್ರತಿಸಲವೂ ಕಪ್ಪು ಮಚ್ಚೆ ತುಸು ತಿಳಿಯಾಗುತ್ತ ಬಂದಿತು. ಮುಂದಿನ ಬೇಸಗೆಗೆ ವೈದ್ಯರು ಒಪ್ಪಿಗೆಯಿತ್ತರು: ಗಟ್ಟಿಯಾದ ಒದ್ದೆ ಮರಳಿನಲ್ಲಿ ನಡಿಗೆ ಮಾತ್ರ, ಓಟವೆಂದಿಗೂ ಇಲ್ಲ.

ಈಗ ಆ ಬಿಳಿಯ ಕುದುರೆ ಪಣಂಬೂರಿನಲ್ಲಿ ಮತ್ತೆ ಮಕ್ಕಳನ್ನು ಹೊತ್ತು ಮೆಲ್ಲನೆ ನಡೆಯುತ್ತದೆ. ಎಡಗಾಲಿನ ಹಿಂದೆ ಸಣ್ಣದೊಂದು ಉಬ್ಬು ಉಳಿದಿದೆ. ಮೊನ್ನೆ ಒಬ್ಬ ತರುಣ ನೋಟು ತೋರಿಸಿ, “ಸ್ವಲ್ಪ ಓಡಿಸಿ ಮಾರಾಯ್ರೇ,” ಎಂದ. ಯಜಮಾನ ಬಾಗಿ ಕುದುರೆಯ ಕಾಲಿನ ಆ ಉಬ್ಬನ್ನೊಮ್ಮೆ ಸವರಿ, ತಲೆಯಲ್ಲಾಡಿಸಿದ.