ಸಾಕ್ಷ್ಯಚಿತ್ರದ ಕಿವಿ: ಹುಮನಾಬಾದಿನ ಹೆದ್ದಾರಿ, ಕಲ್ಯಾಣದ ಕೋಟೆ

ಸಾಕ್ಷ್ಯಚಿತ್ರದಲ್ಲಿ ಮಾತೂ ಅಲ್ಲದ, ಸಂಗೀತವೂ ಅಲ್ಲದ ಸದ್ದೆಲ್ಲ ಪರಿಸರದ ಸದ್ದು. ಕ್ಯಾಮೆರಾ ತಾನು ತಿರುಗಿದ ಕಡೆಯಷ್ಟೇ ನೋಡುತ್ತದೆ. ಅದರ ಬೆನ್ನ ಹಿಂದಿನ ಊರು ಪ್ರೇಕ್ಷಕನನ್ನು ತಲುಪುವುದು ಈ ಸದ್ದಿನಿಂದ. ಸೋವಿಯತ್ ನಿರ್ದೇಶಕ ಝಿಗಾ ವೆರ್ತೋವ್ 1930ರಲ್ಲಿ ಡಾನ್‌ಬಾಸ್‌ನ ಕಲ್ಲಿದ್ದಲು ಗಣಿ, ಉಕ್ಕಿನ ಕುಲುಮೆಗಳಿಗೇ ಧ್ವನಿಮುದ್ರಣದ ಯಂತ್ರ ಒಯ್ದು, ಅಲ್ಲಿನ ಗದ್ದಲವನ್ನು ಸ್ವರಗಳಂತೆ ಪೋಣಿಸಿ ‘ಎಂಥೂಸಿಯಾಸಂ’ ಮಾಡಿದ. ಆ ಯಂತ್ರ ಸ್ಟುಡಿಯೊ ದಾಟುವುದೇ ಆಗ ಅಪರೂಪ. ಭಾರತದಲ್ಲಿ ಫಿಲ್ಮ್ಸ್ ಡಿವಿಷನ್ ಚಿತ್ರವೆಂದರೆ ಗಂಭೀರ ಕಂಠದ ವಿವರಣೆ ಎಂದಾಗಿದ್ದಾಗ ಎಸ್. ಸುಖದೇವ್ ‘ಇಂಡಿಯಾ 67’ರಲ್ಲಿ ಆ ಕಂಠವನ್ನೇ ಕೈಬಿಟ್ಟರು.

ಬೀದರ್ ಜಿಲ್ಲೆಯ ಹುಮನಾಬಾದ್ ಸೌಂಡ್ ರೆಕಾರ್ಡಿಸ್ಟಿಗೆ ಕಷ್ಟದ ಊರು. ಪುಣೆ–ಹೈದರಾಬಾದ್ ಹೆದ್ದಾರಿಯೂ ಬೀದರ್–ಕಲಬುರಗಿ ರಸ್ತೆಯೂ ಕೂಡುವುದು ಇಲ್ಲೇ. ಲಾರಿ ಎಂಜಿನ್ನಿನ ಗುಡುಗು ಬಹುಪಾಲು 200 ಹರ್ಟ್ಸ್‌ಗಿಂತ ಕೆಳಗಿರುವುದರಿಂದ ಫಿಲ್ಟರ್ ಹಾಕಿ ತಗ್ಗಿಸಬಹುದು. ಟೈರು ರಸ್ತೆಗೆ ಉಜ್ಜುವ ಸದ್ದು ಹಾಗಲ್ಲ. ಅದು ಜೋರಾಗುವುದು 1000 ಹರ್ಟ್ಸ್ ಆಸುಪಾಸಿನಲ್ಲಿ, ಮನುಷ್ಯನ ಮಾತು ಇರುವ ಜಾಗದಲ್ಲೇ; ಅದನ್ನು ಕೀಳಹೋದರೆ ಮಾತೂ ಕಿತ್ತುಬರುತ್ತದೆ. ವೀರಭದ್ರೇಶ್ವರ ಜಾತ್ರೆಯ ಪುರವಂತರ ಒಡಪಿನ ಮೇಲೆ ಲಾರಿಯ ಹಾರ್ನ್ ಬಿದ್ದರೆ ಅಳಿಸುವುದಕ್ಕಿಂತ ಉಳಿಸುವುದೇ ಜಾಣತನ. ದೇವರ ಊರು ಹೆದ್ದಾರಿಯ ಊರೂ ಆಗಿದೆ ಎಂಬುದು ವಿವರಣೆಯಿಲ್ಲದೆ ತಿಳಿಯುತ್ತದೆ.

ಹೊತ್ತೂ ಲೆಕ್ಕಕ್ಕೆ ಬರುತ್ತದೆ. 20 ಡಿಗ್ರಿ ಸೆಲ್ಸಿಯಸ್‌ನಲ್ಲಿ ಶಬ್ದದ ವೇಗ ಸೆಕೆಂಡಿಗೆ ಸುಮಾರು 343 ಮೀಟರ್. ಗಾಳಿ ಬಿಸಿಯಾದಷ್ಟೂ ವೇಗ ಹೆಚ್ಚು. ಹಗಲು ಕಾದ ನೆಲಕ್ಕೆ ತಾಗಿದ ಗಾಳಿಯೇ ಹೆಚ್ಚು ಬಿಸಿ, ಆದ್ದರಿಂದ ಶಬ್ದದ ಅಲೆ ಮೇಲಕ್ಕೆ ಬಾಗಿ ಕಿವಿ ತಪ್ಪಿಸುತ್ತದೆ. ಚಳಿಗಾಲದ ಮೋಡವಿಲ್ಲದ ರಾತ್ರಿ ನೆಲ ಬೇಗ ತಣಿದು ಎಲ್ಲ ತಿರುವುಮುರುವು: ಅಲೆ ಕೆಳಕ್ಕೆ ಬಾಗುತ್ತದೆ, ದೂರದ ಭಜನೆ, ಆಜಾನ್, ರೈಲಿನ ಸೀಟಿ ಪಕ್ಕದಲ್ಲೇ ಕೇಳುತ್ತವೆ. ನಸುಕಿನ ಹೊಲದ ದೃಶ್ಯಕ್ಕೆ ಮಧ್ಯಾಹ್ನದ ಸದ್ದು ಅಂಟಿಸಿದರೆ ಏನೋ ಸರಿಯಿಲ್ಲ ಅನ್ನಿಸುವುದು ಇದಕ್ಕೇ.

ಬಸವಕಲ್ಯಾಣದ ಕೋಟೆಯೊಳಗೆ ಮಾತು ಬೇರೆ. ಕಲ್ಲು ಸದ್ದನ್ನು ಹೀರುವುದು ತೀರ ಕಡಿಮೆ, ಹಿಂದಕ್ಕೆ ಎಸೆಯುವುದೇ ಹೆಚ್ಚು. ಇದರ ಲೆಕ್ಕ ಕಟ್ಟಿದವರು ಹಾರ್ವರ್ಡಿನ ವ್ಯಾಲೇಸ್ ಸಬೀನ್. 1895ರಲ್ಲಿ, ಮಾತೇ ತಿಳಿಯದಷ್ಟು ಸದ್ದು ಮೊಳಗುತ್ತಿದ್ದ ಒಂದು ಉಪನ್ಯಾಸ ಕೊಠಡಿಯನ್ನು ಸರಿಪಡಿಸುವ ಕೆಲಸ ಅವರ ತಲೆಗೆ ಬಿತ್ತು. ನಾಟಕಶಾಲೆಯ ಸೀಟಿನ ಮೆತ್ತೆಗಳನ್ನು ರಾತ್ರಿ ಹೊತ್ತುತಂದು ಹರವಿ, ಆರ್ಗನ್ ಪೈಪ್ ಊದಿಸಿ, ಸದ್ದು ಆರುವ ಹೊತ್ತನ್ನು ಅಳೆದರು. ಕೊಠಡಿ ದೊಡ್ಡದಾದಷ್ಟೂ ಆ ಮೊಳಗು, ಅಂದರೆ ಅನುರಣನ, ಉದ್ದ, ಸದ್ದು ಹೀರುವ ಮೈ ಹೆಚ್ಚಿದಷ್ಟೂ ಗಿಡ್ಡ. ಬೆಳಗಾಗುವುದರೊಳಗೆ ಮೆತ್ತೆಗಳು ವಾಪಸ್ ಹೋಗಬೇಕಿತ್ತು. ವಾಸ್ತುಧ್ವನಿವಿಜ್ಞಾನ ಹುಟ್ಟಿದ್ದು ಹೀಗೆ.

ಈಗ ಕೋಟೆಯ ಕೋಣೆಯಲ್ಲಿ ಒಂದು ಬಲೂನು ಒಡೆದು ಆ ಅನುರಣನ ಮುದ್ರಿಸಿಕೊಂಡರೆ ಸಾಕು. ಕನ್ವಲ್ಯೂಷನ್ ಎಂಬ ಗಣಿತದಿಂದ, ಸ್ಟುಡಿಯೊದಲ್ಲಿ ಓದಿದ ಸಾಲನ್ನೂ ಆ ಕೋಣೆಯಲ್ಲೇ ಓದಿದಂತೆ ಕೇಳಿಸಬಹುದು. ಇದೇ ಕಲ್ಯಾಣದ ಚಾಲುಕ್ಯ ಅರಸ ಮೂರನೆಯ ಸೋಮೇಶ್ವರನ ‘ಮಾನಸೋಲ್ಲಾಸ’ ಗೀತ, ವಾದ್ಯ, ನೃತ್ಯಗಳನ್ನೂ ವಿವರಿಸುವ 1129ರ ಗ್ರಂಥ. ಅದರ ಕುರಿತ ಚಿತ್ರಕ್ಕೆ ಈ ಅನುರಣನ ಒಪ್ಪುತ್ತದೆ. ಚಾಲುಕ್ಯರ ಕಾಲದ ದನಿಯೇ ಇದು ಎಂದು ಮಾತ್ರ ಬೀಗುವಂತಿಲ್ಲ: ಬಹಮನಿಗಳೂ ನಂತರದವರೂ ಕೋಟೆಯನ್ನು ತಿದ್ದಿ ಕಟ್ಟಿದ್ದಾರೆ.

ಸಾಫ್ಟ್‌ವೇರ್ ಎಲ್ಲವನ್ನೂ ಸರಿಮಾಡುತ್ತದೆ ಎಂಬ ಪ್ರಚಾರ ಈಗ ಜೋರು. ಆದರೆ ಸಿದ್ಧ ಧ್ವನಿಭಂಡಾರದಿಂದ ಮಲಬಾರ್ ವಿಸ್ಲಿಂಗ್ ಥ್ರಶ್‌ನ ಸಿಳ್ಳೆ ತಂದು ಬೀದರಿನ ತೊಗರಿ ಹೊಲಕ್ಕೆ ಹಚ್ಚುವುದು ಸೃಜನಶೀಲತೆಯಲ್ಲ, ಸುಳ್ಳು. ಅದು ಮಲೆನಾಡಿನ ಹಳ್ಳಗಳ ಹಕ್ಕಿ. ಚಿತ್ರೀಕರಣ ಮುಗಿದ ಮೇಲೆ ಎಲ್ಲರೂ ಬಾಯಿ ಮುಚ್ಚಿ ನಿಂತು ಆ ಜಾಗದ ಒಂದು ನಿಮಿಷದ ಸದ್ದು ಮುದ್ರಿಸಿಕೊಂಡರೆ ಇಂಥ ಸಾಲ ಮಾಡುವ ಪ್ರಮೇಯವೇ ಬರುವುದಿಲ್ಲ.