ಹೆಡ್‌ಲೈಟಿಗೆ ಮನೆಯ ಗೋಡೆಯೇ ಸಾಕು

ತಿಪಟೂರಿನಿಂದ ಹುಳಿಯಾರು ಕಡೆಗೆ ರಾತ್ರಿ ಹೊತ್ತು ಕಾರು ಓಡಿಸುವವರಿಗೆಲ್ಲ ಗೊತ್ತಿರುವ ಸಂಗತಿ ಇದು. ಎದುರಿನ ಗಾಡಿಯ ಬೆಳಕು ನೇರ ಮುಖಕ್ಕೆ ಬಡಿಯುತ್ತದೆ. ‘ಡಿಮ್ ಮಾಡಪ್ಪಾ’ ಎಂದು ನಾವು ಒಂದು ಸಲ ಡಿಪ್ ಹೊಡೆಯುತ್ತೇವೆ. ಆ ಕಡೆಯವರು ತಮ್ಮ ಹೈ ಬೀಮನ್ನು ಒಮ್ಮೆ ಹಾಕಿ ತೆಗೆಯುತ್ತಾರೆ. ಆಗ ತಿಳಿಯುತ್ತದೆ, ಅವರು ಮೊದಲಿನಿಂದಲೂ ಲೋ ಬೀಮಿನಲ್ಲೇ ಬರುತ್ತಿದ್ದರು. ತಮ್ಮ ಲೈಟು ಮೇಲಕ್ಕೆ ಮುಖ ಮಾಡಿದೆ ಎಂಬುದು ಅವರಿಗೆ ಗೊತ್ತೇ ಇಲ್ಲ. ಗೊತ್ತಾಗುವುದಾದರೂ ಹೇಗೆ? ಡ್ರೈವರ್ ಸೀಟಿನಲ್ಲಿ ಕೂತವರಿಗೆ ಮೇಲಕ್ಕೆತ್ತಿದ ಲೈಟಿನಿಂದ ದೂರದವರೆಗೆ ಚೆನ್ನಾಗಿಯೇ ಕಾಣುತ್ತಿರುತ್ತದೆ.

ನಾನು ಪಶುವೈದ್ಯೆ. ಕರು ಅಡ್ಡ ಸಿಕ್ಕಿಕೊಂಡಿದೆ, ಹಸುವಿನ ಹೊಟ್ಟೆ ಉಬ್ಬರಿಸಿದೆ ಎಂಬ ಫೋನು ಹೆಚ್ಚಾಗಿ ಕತ್ತಲಾದ ಮೇಲೆಯೇ ಬರುತ್ತದೆ. ಸುಗ್ಗಿಯ ಕಾಲದಲ್ಲಿ ನಮ್ಮ ಕಡೆಯ ರಸ್ತೆಗಳ ಅರ್ಧಭಾಗ ಕಣವಾಗಿರುತ್ತದೆ. ರಾಗಿಯನ್ನೋ ಹುರುಳಿಯನ್ನೋ ಹರಡಿ, ಗಾಡಿಗಳು ಹತ್ತಬಾರದೆಂದು ಅಂಚಿಗೆ ಕಲ್ಲು ಜೋಡಿಸಿರುತ್ತಾರೆ. ಹಿಂದೆ ಕೆಂಪು ದೀಪವಿಲ್ಲದ ಟ್ರ್ಯಾಕ್ಟರ್ ಟ್ರೇಲರ್‌ಗಳು, ರಾತ್ರಿಯೇ ಜಾಗ ಬದಲಿಸುವ ಕುರಿ ಮಂದೆಗಳು ಬೇರೆ. ದನದ ಕಣ್ಣಿನ ಒಳಗೋಡೆಯಲ್ಲಿ ಟೇಪೀಟಮ್ ಎಂಬ ಪದರವಿದೆ. ಬಿದ್ದ ಬೆಳಕನ್ನು ಅದು ಹಿಂದಕ್ಕೆ ಚಿಮ್ಮಿಸುವುದರಿಂದಲೇ ಕತ್ತಲಲ್ಲಿ ದನದ ಕಣ್ಣು ಹಸಿರು ನೀಲಿಯಾಗಿ ಹೊಳೆಯುವುದು. ಆದರೆ ಮುಖ ಆ ಕಡೆ ಹಾಕಿ ಟಾರಿನ ಮೇಲೆ ಮಲಗಿದ ಎಮ್ಮೆಯ ಕಣ್ಣು ನಮಗೆ ಕಾಣುವುದಿಲ್ಲ. ಬೆಳಕು ಅದರ ಬೆನ್ನಿನ ಮೇಲೇ ಬೀಳಬೇಕು. ಅದೇ ಹೊತ್ತಿಗೆ ಎದುರಿನ ಲೈಟು ಕಣ್ಣಿಗೆ ಹೊಡೆದರೆ ಮುಗಿಯಿತು. ಗಂಟೆಗೆ 60 ಕಿಲೋಮೀಟರ್ ವೇಗದಲ್ಲಿ ಕಾರು ಸೆಕೆಂಡಿಗೆ 16 ಮೀಟರಿಗಿಂತ ಹೆಚ್ಚು ಓಡುತ್ತದೆ. ಕಣ್ಣು ಮತ್ತೆ ತಿಳಿಯಾಗಲು ಮೂರು ಸೆಕೆಂಡು ಬೇಕಾಯಿತೆಂದರೆ 50 ಮೀಟರ್ ದೂರ ಕುರುಡಾಗಿ ಓಡಿಸಿದಂತಾಯಿತು. ಹೀಗೆ ಏಟು ತಿಂದು ಸೊಂಟ ಮುರಿದುಕೊಂಡ ಹಸುಗಳ ಪಕ್ಕ ಕೂತು ನಾನು ಅವುಗಳ ಮಾಲೀಕರ ಮುಖ ನೋಡಿದ್ದೇನೆ. ಹೆಡ್‌ಲೈಟು ನನಗೆ ಸಣ್ಣ ವಿಷಯವಲ್ಲ.

ರಾತ್ರಿ ಸರಿಯಾಗಿ ಕಾಣುತ್ತಿಲ್ಲ ಎಂದರೆ ಎಲ್ಲರೂ ಕೊಡುವ ಸಲಹೆ ಒಂದೇ: ಜೋರಾದ ಬಲ್ಬು ಹಾಕಿಸಿ. ಆದರೆ ನಮ್ಮ ರಸ್ತೆಗಳ ತೊಂದರೆ ಬಹಳ ಮಟ್ಟಿಗೆ ಬೆಳಕಿನ ಇಳಿಜಾರಿನದು. ಲೋ ಬೀಮು ಸಾಮಾನ್ಯವಾಗಿ ಪ್ರತಿ 10 ಮೀಟರಿಗೆ 10 ಸೆಂಟಿಮೀಟರ್ ಕೆಳಗಿಳಿಯಬೇಕು. ಇದನ್ನೇ ಶೇಕಡಾ 1ರ ಇಳಿತ ಎನ್ನುವುದು. ನನ್ನ ಹಳೆಯ ಸ್ವಿಫ್ಟ್‌ನ ಲೈಟಿನ ನಡುಬಿಂದು ನೆಲದಿಂದ 68 ಸೆಂಟಿಮೀಟರ್ ಎತ್ತರದಲ್ಲಿದೆ. ಶೇಕಡಾ 1ರಂತೆ ಇಳಿದರೆ ಬೆಳಕಿನ ಮೇಲಂಚು 68 ಮೀಟರ್ ಆಚೆ ನೆಲ ಮುಟ್ಟುತ್ತದೆ. ಈಗ ಅದೇ ಲೈಟು ಒಂದೇ ಒಂದು ಡಿಗ್ರಿ ಮೇಲೆದ್ದಿತು ಅನ್ನಿ. ಒಂದು ಡಿಗ್ರಿ ಎಂದರೆ ಶೇಕಡಾ 1.75ರಷ್ಟು ಏರು. ಇಳಿಯಬೇಕಿದ್ದ ಬೆಳಕು ಶೇಕಡಾ 0.75ರಂತೆ ಮೇಲೇರುತ್ತದೆ, 60 ಮೀಟರ್ ದೂರದಲ್ಲಿ ನೆಲದಿಂದ 113 ಸೆಂಟಿಮೀಟರ್ ಎತ್ತರದಲ್ಲಿರುತ್ತದೆ. ಸಣ್ಣ ಕಾರಿನಲ್ಲಿ ಕೂತವರ ಕಣ್ಣು ಹೆಚ್ಚುಕಡಿಮೆ ಅದೇ ಎತ್ತರದಲ್ಲಿರುತ್ತದೆ. ಬರಿಗಣ್ಣಿಗೆ ಗೊತ್ತೇ ಆಗದಷ್ಟು ಸಣ್ಣ ವಾಲಿಕೆ ಇಷ್ಟೆಲ್ಲ ಮಾಡುತ್ತದೆ.

ಕಾನೂನು ಏನು ಹೇಳುತ್ತದೆ? ಕೇಂದ್ರ ಮೋಟಾರು ವಾಹನಗಳ ನಿಯಮಗಳು, 1989ರ 106ನೇ ನಿಯಮದ ಪ್ರಕಾರ ದೀಪದಿಂದ 8 ಮೀಟರ್ ಮುಂದೆ, ವಾಹನದ ಬಲ ಅಂಚಿನಿಂದ ಅರ್ಧ ಮೀಟರ್ ಬಲಕ್ಕೆ, ನೆಲದಿಂದ ಒಂದೂವರೆ ಮೀಟರ್ ಎತ್ತರದಲ್ಲಿ ಇರುವ ಕಣ್ಣನ್ನು ಬೆಳಕು ಕುಕ್ಕಬಾರದು. ಒಳ್ಳೆಯ ನಿಯಮವೇ. ಆದರೆ ಲೆಕ್ಕ ಹಾಕಿ ನೋಡಿದರೆ ಐದು ಡಿಗ್ರಿ ಮೇಲೆದ್ದ ಲೈಟಿನ ಅಂಚು ಕೂಡ 8 ಮೀಟರಿನಲ್ಲಿ ಒಂದೂವರೆ ಮೀಟರ್ ಮುಟ್ಟುವುದಿಲ್ಲ. ಹಾಗಾಗಿ ಆ ಅಳತೆಯೊಂದನ್ನೇ ನೆಚ್ಚಿ ಕೂರಬೇಡಿ, ನಿಮ್ಮ ಕಾರಿನ ಕಂಪನಿಯೇ ಹೇಳಿದ ಇಳಿತವನ್ನು ಹುಡುಕಿ. ಬಾನೆಟ್ ಎತ್ತಿದರೆ ಲೈಟಿನ ಮೇಲೋ ಅದರ ಹತ್ತಿರದ ಸ್ಟಿಕ್ಕರಿನಲ್ಲೋ ಒಂದು ದೀಪದ ಚಿತ್ರ, ಪಕ್ಕದಲ್ಲಿ 1.0% ಅಥವಾ 1.2% ಎಂಬಂಥ ಅಂಕಿ ಸಾಮಾನ್ಯವಾಗಿ ಇರುತ್ತದೆ. ಅದೇ ನಿಮ್ಮ ಅಳತೆ.

ಲೈಟನ್ನು ಏರಿಳಿಸುವ ತಿರುಪಿಗೆ ಕೈ ಹಾಕುವ ಮೊದಲು ಬಲ್ಬು ನೋಡಿ. ನಮ್ಮ ಸಾಮಾನ್ಯ ಕಾರುಗಳಲ್ಲಿ ಹೆಚ್ಚಾಗಿ ಇರುವುದು ಎಚ್4 ಹ್ಯಾಲೋಜನ್, 60/55 ವ್ಯಾಟಿನದು. 1971ರಿಂದ ಬಳಕೆಯಲ್ಲಿದೆ. ಒಂದೇ ಗಾಜಿನೊಳಗೆ ಎರಡು ತಂತಿ, ಹೈ ಬೀಮಿಗೊಂದು, ಲೋ ಬೀಮಿಗೊಂದು. ಲೋ ಬೀಮಿನ ತಂತಿಯ ಅಡಿಯಲ್ಲಿ ಸಣ್ಣದೊಂದು ಲೋಹದ ಬಟ್ಟಲಿದೆ. ಗಾಳಿಗೆ ಹಣತೆ ಆರದಂತೆ ಅಂಗೈ ಒಡ್ಡುತ್ತೇವಲ್ಲ, ಹಾಗೆ ಅದು ಕೆಳಮುಖದ ಬೆಳಕಿಗೆ ಅಡ್ಡ ನಿಲ್ಲುತ್ತದೆ. ಲೈಟಿನೊಳಗೆ ಬಲ್ಬಿನ ಹಿಂದಿರುವ ಕನ್ನಡಿಯ ಮೇಲರ್ಧಕ್ಕೆ ಮಾತ್ರ ಬೆಳಕು ಬಿದ್ದು, ಅಲ್ಲಿಂದ ಕೆಳಕ್ಕೆ ಬಾಗಿ ರಸ್ತೆ ಸೇರುತ್ತದೆ. ತಂತಿ ಇರಬೇಕಾದ ಜಾಗ ಮಿಲಿಮೀಟರಿನ ಲೆಕ್ಕದಲ್ಲಿ ನಿಗದಿಯಾಗಿದೆ. ಈ ಕನ್ನಡಿಗೆ ಪೇಟೆಯ ಎಲ್‌ಇಡಿ ಬಲ್ಬು ತುರುಕಿದರೆ ಬೆಳಕು ಹುಟ್ಟುವ ಜಾಗವೂ ಆಕಾರವೂ ಬೇರೆಯಾಗಿ, ಅಂಚು ಚೆದುರಿಹೋಗುತ್ತದೆ. ಅದನ್ನು ಯಾವ ತಿರುಪಿನಿಂದಲೂ ಸರಿಮಾಡಲಾಗದು. 100/90 ವ್ಯಾಟಿನ ಬಲ್ಬಿನದು ಇನ್ನೊಂದು ಪಾಡು: ಎದುರಿನವರ ಕಣ್ಣಿನ ಜೊತೆಗೆ ನಮ್ಮ ವೈರು, ಹೋಲ್ಡರುಗಳೂ ಸುಡುತ್ತವೆ. ಎರಡನ್ನೂ ತೆಗೆಸಿ, ಕಂಪನಿ ಹೇಳಿದ ಬಲ್ಬನ್ನೇ ಹಾಕಿ. ಎಚ್4ಗೆ ಮೂರು ಕಿವಿಗಳಿದ್ದು ಒಂದೇ ರೀತಿಯಲ್ಲಿ ಕೂರುತ್ತದೆ. ಸೊಟ್ಟಗೆ ಕೂತರೂ ಕ್ಲಿಪ್ಪು ಹೇಗೋ ಬಿಗಿದುಕೊಳ್ಳುವುದುಂಟು, ಆದ್ದರಿಂದ ಬೆರಳಾಡಿಸಿ ನೋಡಿ. ಬೆರಳಿನ ಜಿಡ್ಡು ಮಾತ್ರ ಗಾಜಿಗೆ ತಾಗದಿರಲಿ.

ಇನ್ನು ಗೋಡೆ. ನಮ್ಮ ಆಸ್ಪತ್ರೆಯ ಹಿಂದಿನ ಗೋದಾಮಿನ ಗೋಡೆಗೆ ಸುಣ್ಣ ಹೊಡೆದಿದೆ, ಎದುರಿಗೆ ಕಾಂಕ್ರೀಟು ನೆಲ ಇದೆ. ಮುಸ್ಸಂಜೆ ಕಳೆದು ಕತ್ತಲು ಕವಿಯುವ ಹೊತ್ತು ಈ ಕೆಲಸಕ್ಕೆ ಹದವಾದದ್ದು. ನೆಲ ಮಟ್ಟವಾಗಿರಬೇಕು, ಇದೇ ಮುಖ್ಯ. ಮನೆಯಂಗಳಗಳಿಗೆ ಮಳೆನೀರು ಹರಿಯಲೆಂದು ಇಳಿಜಾರು ಕೊಟ್ಟಿರುತ್ತಾರೆ. ಕಣ್ಣಳತೆಗೆ ಅದು ಸಿಗುವುದಿಲ್ಲ. ಗಾರೆ ಕೆಲಸದವರ ಬಳಿ ನೀರು ತುಂಬಿದ ಪಾರದರ್ಶಕ ಲೆವೆಲ್ ಪೈಪು ಇರುತ್ತದೆ, ಅದನ್ನು ಕೇಳಿ ತನ್ನಿ. ಪೈಪಿನ ಒಂದು ತುದಿ ಚಕ್ರದ ಪಕ್ಕ, ಇನ್ನೊಂದು ಗೋಡೆಯ ಬುಡ. ಎರಡು ಕಡೆಯೂ ನೆಲದಿಂದ ನೀರಿನ ಎತ್ತರ ಒಂದೇ ಆದರೆ ಆ ಜಾಗ ಸರಿ.

ಟೈರುಗಳಿಗೆ ಸರಿಯಾದ ಗಾಳಿ ತುಂಬಿಸಿ. ಡ್ರೈವರ್ ಸೀಟಿನಲ್ಲಿ ಒಬ್ಬರು ಕೂರಲಿ. ಟ್ಯಾಂಕು ಅರ್ಧವಾದರೂ ಇರಲಿ. ಕಾರಿನ ಮೂಲೆಗಳನ್ನು ಒಮ್ಮೆ ಅದುಮಿ ಬಿಟ್ಟರೆ ಸ್ಪ್ರಿಂಗುಗಳು ತಮ್ಮ ನೆಲೆಗೆ ಕೂರುತ್ತವೆ. ಸ್ಟೀರಿಂಗಿನ ಬಲಗಡೆಯಲ್ಲೋ ಸುತ್ತಮುತ್ತಲಲ್ಲೋ 0, 1, 2, 3 ಎಂದು ಬರೆದ ಸಣ್ಣ ಚಕ್ರವಿದ್ದರೆ ಅದು 0ಯಲ್ಲಿ ನಿಲ್ಲಬೇಕು.

ಈ ಸಣ್ಣ ಚಕ್ರ ಎಷ್ಟೋ ಕಾರುಗಳಲ್ಲಿ ಕೊಂಡಾಗ ಇದ್ದಲ್ಲೇ ಇರುತ್ತದೆ, ಯಾರೂ ಮುಟ್ಟುವುದಿಲ್ಲ. ನನ್ನ ಡಿಕ್ಕಿಯಲ್ಲಿ ದ್ರವ ಸಾರಜನಕದ ಕ್ಯಾನು, ಔಷಧಿ ಪೆಟ್ಟಿಗೆ, ಹೆರಿಗೆಯ ಹಗ್ಗ ಸರಪಳಿಗಳು ಇರುತ್ತವೆ. ಹಿಂದೆ ಭಾರ ಹೆಚ್ಚಾದರೆ ಕಾರಿನ ಹಿಂಭಾಗ ಕುಸಿದು ಮೂತಿ ಮೇಲೇಳುತ್ತದೆ, ಜೊತೆಗೆ ಲೈಟೂ. ಚಕ್ರದ ಅಂಕಿ ಹೆಚ್ಚಿಸಿದಷ್ಟೂ ಲೈಟಿನೊಳಗಿನ ಮೋಟಾರು ಬೆಳಕನ್ನು ಕೆಳಕ್ಕೆ ಬಾಗಿಸುತ್ತದೆ. ಧರ್ಮಸ್ಥಳಕ್ಕೆ ಐದು ಜನ ಲಗ್ಗೇಜು ಸಮೇತ ಹೊರಟಾಗ ಅದನ್ನು ಒಂದೆರಡು ಅಂಕಿ ತಿರುಗಿಸಿಕೊಂಡರೆ ಎದುರಿನಿಂದ ಬರುವವರೆಲ್ಲರಿಗೂ ಉಪಕಾರ. ಎಷ್ಟು ಜನಕ್ಕೆ ಯಾವ ಅಂಕಿ ಎಂಬುದು ಕಾರಿನ ಕೈಪಿಡಿಯಲ್ಲಿದೆ.

ಗುರುತು ಹಾಕುವುದು ಸುಲಭ. ಕಾರನ್ನು ಗೋಡೆಗೆ ಮೂತಿ ತಾಗುವಷ್ಟು ಹತ್ತಿರ, ನೇರವಾಗಿ ತನ್ನಿ. ಎರಡೂ ಲೈಟುಗಳ ನಡುಬಿಂದುವಿಗೆ ಸರಿಯಾಗಿ ಗೋಡೆಯ ಮೇಲೆ ಇನ್ಸುಲೇಷನ್ ಟೇಪಿನಿಂದ ಅಧಿಕ ಚಿಹ್ನೆ ಅಂಟಿಸಿ. ಸ್ಟೀರಿಂಗ್ ತಿರುಗಿಸದೆ, ಲೈಟಿನಿಂದ ಗೋಡೆಗೆ 5 ಮೀಟರ್ ಆಗುವಷ್ಟು ಹಿಂದಕ್ಕೆ ಹೋಗಿ. ಶೇಕಡಾ 1ರ ಇಳಿತಕ್ಕೆ 5 ಮೀಟರಿನಲ್ಲಿ 5 ಸೆಂಟಿಮೀಟರ್. ಅಧಿಕ ಚಿಹ್ನೆಗಳಿಂದ ಅಷ್ಟು ಕೆಳಗೆ ಉದ್ದಕ್ಕೆ ಇನ್ನೊಂದು ಟೇಪು. ಶೇಕಡಾ 1.2 ಇದ್ದರೆ 6 ಸೆಂಟಿಮೀಟರ್. 10 ಮೀಟರ್ ಜಾಗ ಸಿಕ್ಕಿದರೆ ಇನ್ನೂ ಒಳ್ಳೆಯದು, ಅಳತೆ ಎರಡರಷ್ಟಾಗಿ ತಪ್ಪು ಬೇಗ ಕಾಣುತ್ತದೆ. 5 ಮೀಟರಿನ ಗೋಡೆಯಲ್ಲಿ ಒಂದೇ ಸೆಂಟಿಮೀಟರ್ ಹೆಚ್ಚು ಇಳಿಸಿದರೂ ನನ್ನ ಕಾರಿನ ಬೆಳಕು 68 ಮೀಟರಿನ ಬದಲು 57 ಮೀಟರಿಗೇ ನೆಲ ಹಿಡಿಯುತ್ತದೆ. ಎದುರಿನವರಿಗೆ ಒಳ್ಳೆಯದಾಗಲಿ ಎಂದು ವಿಪರೀತ ತಗ್ಗಿಸಿದರೆ ಮಲಗಿದ ಎಮ್ಮೆ ನಿಮಗೇ ಕಾಣದು.

ಲೋ ಬೀಮ್ ಹಾಕಿ, ಒಂದು ಲೈಟಿಗೆ ರಟ್ಟು ಅಡ್ಡ ನಿಲ್ಲಿಸಿ. ಬಟ್ಟೆ ಹೊದಿಸಿ ಬಿಡಬೇಡಿ, ಶಾಖಕ್ಕೆ ಲೈಟಿನ ಪ್ಲಾಸ್ಟಿಕ್ಕು ಕೆಡುತ್ತದೆ. ಗೋಡೆಯ ಮೇಲೆ ಬೆಳಕು ಕತ್ತಲೆಗಳ ಗಡಿಯೊಂದು ಮೂಡುತ್ತದೆ. ಅದರ ಬಲಭಾಗ ಮಟ್ಟಸ. ನಡುವಿನಿಂದ ಎಡಕ್ಕೆ ಗಡಿ ಓರೆಯಾಗಿ ಮೇಲೇರುತ್ತದೆ. ಅದು ಕೆಟ್ಟಿರುವುದಲ್ಲ, ಬೇಕೆಂದೇ ಮಾಡಿದ್ದು. ನಾವು ರಸ್ತೆಯ ಎಡಕ್ಕೆ ಹೋಗುವವರು. ಬಲಕ್ಕೆ ಎದುರಿನವರ ಕಣ್ಣು, ಎಡಕ್ಕೆ ಪಾದಚಾರಿ, ಸೈಕಲ್ಲು, ಮೈಲಿಗಲ್ಲು. ಬಲದ ಮಟ್ಟಸ ಅಂಚು ಕೆಳಗಿನ ಟೇಪಿನ ಮೇಲೆ ಕೂರಬೇಕು, ಓರೆ ಶುರುವಾಗುವ ಮೂಲೆ ಅಧಿಕ ಚಿಹ್ನೆಯ ನೇರ ಕೆಳಗೆ ಬರಬೇಕು. ಆ ಮೂಲೆ ಬಲಕ್ಕೆ ಜಾರಿದ್ದರೆ ಎಡದ ಏರು ಎದುರಿನವರ ಪಾಲಾಗುತ್ತದೆ.

ಬಂಪರ್ ರಿಪೇರಿಗೆಂದು ಒಂದು ಗ್ಯಾರೇಜಿಗೆ ಬಿಟ್ಟು ತಂದ ನನ್ನ ಕಾರನ್ನು ಹೀಗೆ ಗೋಡೆಗೆ ನಿಲ್ಲಿಸಿದಾಗ, ರಟ್ಟು ಹಿಡಿದು ನಿಂತಿದ್ದ ನಮ್ಮ ಆಸ್ಪತ್ರೆಯ ಹಿರಿಯ ಸಹಾಯಕರು ಕೂಗಿದರು: “ಮೇಡಮ್ಮೋರೆ, ಬಲಗಡೇದು ಹೆಂಚಿಗೇ ಹತ್ತೈತಲ್ಲ!”

“ಎಷ್ಟು ಹತ್ತಿದೆ ಅಣ್ಣ?”

“ಟೇಪಿಂದ ಒಂದು ಗೇಣು ಮ್ಯಾಕೆ.”

ಲೈಟು ಬಿಚ್ಚಿ ಮತ್ತೆ ಕೂರಿಸಿದವರು ಗುರಿ ನೋಡದೆ ಕೊಟ್ಟಿದ್ದರು. ಬಂಪರ್, ಲೈಟು, ಸ್ಪ್ರಿಂಗು, ಶಾಕ್ ಅಬ್ಸಾರ್ಬರ್, ಇವುಗಳಲ್ಲಿ ಯಾವುದಕ್ಕೆ ಕೈ ಹಾಕಿದ್ದರೂ ಗಾಡಿ ಮನೆಗೆ ಬಂದ ದಿನವೇ ಗೋಡೆಯ ಮುಂದೆ ನಿಲ್ಲಿಸುವುದು ಒಳ್ಳೆಯದು.

ಬಾನೆಟ್ ಎತ್ತಿದರೆ ಲೈಟಿನ ಹಿಂಬದಿಯಲ್ಲಿ ಎರಡು ತಿರುಪುಗಳು ಸಿಗುತ್ತವೆ. ಒಂದು ಬೆಳಕನ್ನು ಮೇಲೆ ಕೆಳಗೆ ಮಾಡುವುದು, ಇನ್ನೊಂದು ಎಡಬಲಕ್ಕೆ. ಹಲವು ಕಾರುಗಳಲ್ಲಿ ಪ್ಲಾಸ್ಟಿಕ್ಕಿನ ಸಣ್ಣ ಹಲ್ಲುಚಕ್ರ ಇರುತ್ತದೆ. ಉದ್ದನೆಯ ಸ್ಟಾರ್ ಸ್ಕ್ರೂಡ್ರೈವರನ್ನು ಮೇಲಿನ ಕಿಂಡಿಯಿಂದ ಇಳಿಸಿದರೆ ಅದರ ಮೂತಿ ಹಲ್ಲುಗಳ ನಡುವೆ ಸರಿಯಾಗಿ ಕೂರುತ್ತದೆ. ಕೆಲವಕ್ಕೆ ಅಲೆನ್ ಕೀ ಬೇಕು. ಲೈಟನ್ನು ಬಾಡಿಗೆ ಬಿಗಿದ ಬೋಲ್ಟುಗಳೇ ಬೇರೆ, ಅವುಗಳನ್ನು ಮುಟ್ಟಬೇಡಿ. ಯಾವ ಕಡೆ ತಿರುಗಿಸಿದರೆ ಏನಾಗುತ್ತದೆ ಎಂಬುದು ಕಾರಿನಿಂದ ಕಾರಿಗೆ ಬೇರೆ. ಕಾಲು ಸುತ್ತು ತಿರುಗಿಸಿ, ಗೋಡೆ ನೋಡಿ, ಮುಂದುವರಿಯಿರಿ. ಬಿಗಿಯಾಗಿದ್ದರೆ ಬಲ ಹಾಕಬೇಡಿ. ಹಳೆಯ ಪ್ಲಾಸ್ಟಿಕ್ ಹಲ್ಲು ಮುರಿದರೆ ಇಡೀ ಲೈಟನ್ನೇ ಬದಲಿಸಬೇಕಾಗಬಹುದು. ನನ್ನ ಬಲಗಡೆಯ ಲೈಟು ಟೇಪಿಗೆ ಇಳಿದು ಕೂತಾಗ ಗೋಡೆಯ ಮೇಲಿನ ಅಂಚು ದಾರ ಎಳೆದಷ್ಟು ಸ್ಪಷ್ಟವಾಗಿತ್ತು. ಎಚ್4ನಲ್ಲಿ ಲೋ ಬೀಮು ಸರಿಯಾದರೆ ಹೈ ಬೀಮು ತಾನೇ ಸರಿಹೋಗುತ್ತದೆ.

ಅಂಚು ಎಷ್ಟು ಹುಡುಕಿದರೂ ಮಸುಕಾಗಿಯೇ ಕಂಡರೆ ಲೈಟಿನ ಹೊರಕವಚ ನೋಡಿ. ಬಿಸಿಲಿಗೆ ಹಳದಿಗಟ್ಟಿದ ಪ್ಲಾಸ್ಟಿಕ್ಕು ಬೆಳಕನ್ನು ಎಲ್ಲೆಡೆಗೆ ಚೆದುರಿಸುತ್ತದೆ. ಮೊದಲು ಪಾಲಿಶ್ ಮಾಡಿಸಿ, ಆಮೇಲೆ ತಿರುಪು. ಭಾರಕ್ಕೆ ತಕ್ಕಂತೆ ತಾನೇ ಏರಿಳಿಯುವ ಅಥವಾ ಕ್ಯಾಮೆರಾ ನೋಡಿಕೊಂಡು ಬೆಳಕಿನ ಆಕಾರ ಬದಲಿಸುವ ಹೊಸ ಎಲ್‌ಇಡಿ ಲೈಟುಗಳಿಗೆ ಮಾತ್ರ ಮನೆಯಲ್ಲಿ ಕೈ ಹಾಕಬೇಡಿ. ಅವುಗಳ ಸೊನ್ನೆಯನ್ನು ಸರ್ವಿಸ್ ಸೆಂಟರಿನ ಕಂಪ್ಯೂಟರಿನಲ್ಲೇ ಹೊಂದಿಸಬೇಕು. ಗೋಡೆಗೆ ನಿಲ್ಲಿಸಿ ಪರೀಕ್ಷಿಸಲು ಅಡ್ಡಿಯಿಲ್ಲ. ತಪ್ಪು ಕಂಡರೆ ಫೋಟೋ ತೆಗೆದುಕೊಂಡು ಹೋಗಿ ತೋರಿಸಿ.

ಬೈಕಿನವರಿಗೂ ಇದೇ ಲೆಕ್ಕ. ಸಾಮಾನ್ಯವಾಗಿ ಹೆಡ್‌ಲೈಟಿನ ಪಕ್ಕದ ಬೋಲ್ಟುಗಳನ್ನು ಸಡಿಲಿಸಿದರೆ ಅಥವಾ ಅಡಿಯ ತಿರುಪನ್ನು ತಿರುಗಿಸಿದರೆ ಲೈಟು ಮೇಲೆ ಕೆಳಗೆ ಆಡುತ್ತದೆ. ಬೈಕನ್ನು ಸ್ಟ್ಯಾಂಡಿನಿಂದ ಇಳಿಸಿ, ಓಡಿಸುವವರು ಮೇಲೆ ಕೂತು, ನೇರ ನಿಲ್ಲಿಸಿಯೇ ನೋಡಬೇಕು. ಬೆಳಕು ಹರಿಯುವ ಮೊದಲೇ ಡೇರಿಗೆ ಹೊರಡುವ ನಮ್ಮ ರೈತರಿಗೆ ನಾನು ಹೇಳುವುದು ಇನ್ನೂ ಒಂದಿದೆ: ಹಾಲಿನ ಕ್ಯಾನು ತುಂಬಿ, ಹಿಂದೆ ಕಟ್ಟಿದ ಮೇಲೆ ಗೋಡೆಯ ಮುಂದೆ ನಿಲ್ಲಿಸಿ. ಖಾಲಿ ಬೈಕಿಗೆ ಹೊಂದಿಸಿದ ಲೈಟು ಕ್ಯಾನಿನ ಭಾರ ಬಿದ್ದ ಕೂಡಲೇ ಮತ್ತೆ ಎದುರಿನವರ ಮುಖಕ್ಕೆ ಏರುತ್ತದೆ.