ಅಬ್ಬರದ ವಾದ್ಯ, ಅಳಿಸುವ ಹಾಡು

ದೇವಸಮುದ್ರದ ಕಡೆಯ ರೈತರೊಬ್ಬರು ಕಾಲೇಜಿಗೆ ಹೋಗುವ ಮಗನನ್ನು ಕರೆತಂದಿದ್ದರು. “ಡಾಕ್ಟ್ರೇ, ರಾತ್ರಿ ಹೊತ್ತು ಕಿವಿಗೆ ಇಯರ್‌ಫೋನ್ ಹಾಕ್ಕಂಡು ಇಂಗ್ಲಿಷ್ ಹಾಡು ಕೇಳ್ತಾನೆ, ಕಣ್ಣೀರು ಹಾಕ್ತಾನೆ. ತಲೆಗೇನಾದ್ರೂ ಆಗೈತಾ?” ಎಂಬುದು ಅವರ ಆತಂಕ. ಹುಡುಗ ಕೇಳುತ್ತಿದ್ದುದು ಮೆಟಾಲಿಕಾ ತಂಡದ 1991ರ ‘ನಥಿಂಗ್ ಎಲ್ಸ್ ಮ್ಯಾಟರ್ಸ್’ ಹಾಡು. 2011ರಲ್ಲಿ ಬೆಂಗಳೂರಿನ ಅರಮನೆ ಮೈದಾನದಲ್ಲಿ ಸಾವಿರಾರು ಯುವಕರನ್ನು ಸೇರಿಸಿದ್ದೂ ಇದೇ ತಂಡ.

ಇದು ಕಾಯಿಲೆಯೇ? ಖಂಡಿತ ಅಲ್ಲ.

ಇಂಥವನ್ನು ‘ಪವರ್ ಬ್ಯಾಲಡ್’ ಎನ್ನುತ್ತಾರೆ. ಅಬ್ಬರದ ಹಾರ್ಡ್ ರಾಕ್, ಹೆವಿ ಮೆಟಲ್ ತಂಡಗಳೇ ಹಾಡುವ ಪ್ರೀತಿ, ಅಗಲಿಕೆ, ಒಂಟಿತನದ ನಿಧಾನಗತಿಯ ಹಾಡುಗಳಿವು. ಮೆಲ್ಲನೆಯ ಗಿಟಾರಿನಿಂದ ಆರಂಭವಾಗಿ, ಡ್ರಮ್ ಸೇರಿ, ಕೊನೆಗೆ ಭೋರ್ಗರೆಯುತ್ತವೆ. ನಮ್ಮೂರ ಭಜನೆಯಲ್ಲೂ ತಾಳ ಏರುತ್ತಾ ಹೋದಂತೆ ಮೈ ಜುಮ್ಮೆನ್ನುವುದಿಲ್ಲವೇ? ಏರುವ ಘಟ್ಟಕ್ಕಾಗಿ ಮೆದುಳು ಮೊದಲೇ ಕಾಯುತ್ತಿರುತ್ತದೆ. ಹಾಗೆ ಕಾಯುವಾಗಲೂ, ಆ ಘಟ್ಟ ಬಂದಾಗಲೂ ‘ಡೋಪಮೈನ್’ ಎಂಬ ರಾಸಾಯನಿಕ ಸ್ರವಿಸಿ ಸುಖವೆನಿಸುತ್ತದೆ.

ಇನ್ನೊಂದು ಕಾರಣವೂ ಉಂಟು. “ಗಂಡಸು ಅಳಬಾರದು” ಎಂದು ನಾವು ಹುಡುಗರನ್ನು ಬೆಳೆಸುತ್ತೇವೆ. ಗಟ್ಟಿಗರಂತೆ ಕಾಣುವ ಹಾಡುಗಾರರೇ ದುಃಖ ತೋಡಿಕೊಂಡಾಗ, ತಾವೂ ಅಳಬಹುದೆಂಬ ಧೈರ್ಯ ಅವರಿಗೆ ಬರುತ್ತದೆ. ಈ ಹುಡುಗನನ್ನು ಸಾಕಿದ ಅಜ್ಜಿ ತೀರಿಹೋಗಿದ್ದರು. ಆ ನೋವನ್ನು ಅವನು ಯಾರಲ್ಲೂ ಹೇಳಿಕೊಂಡಿರಲಿಲ್ಲ.

ಆದರೆ ಎರಡು ವಿಷಯಗಳಲ್ಲಿ ಎಚ್ಚರ ಬೇಕು.

ಮೊದಲನೆಯದು ಕಿವಿ. 80 ಡೆಸಿಬೆಲ್ ಶಬ್ದವನ್ನು ವಾರಕ್ಕೆ 40 ಗಂಟೆ ಕೇಳಬಹುದು. ಶಬ್ದ ಹೆಚ್ಚಿದಂತೆ ಈ ಅವಧಿ ಬೇಗ ಕುಗ್ಗುತ್ತದೆ; 100 ಡೆಸಿಬೆಲ್ ಆದರೆ ದಿನಕ್ಕೆ ಕಾಲು ಗಂಟೆಯೂ ಹೆಚ್ಚೇ. ಒಳಗಿವಿಯ ಸೂಕ್ಷ್ಮ ಕೋಶಗಳು ಒಮ್ಮೆ ಸತ್ತರೆ ಮತ್ತೆ ಹುಟ್ಟುವುದಿಲ್ಲ. ವಾಲ್ಯೂಮ್ ಶೇಕಡ 60 ದಾಟದಿರಲಿ. ಕಿವಿಯಲ್ಲಿ ‘ಗುಂಯ್’ ಎನ್ನತೊಡಗಿದರೆ ಪರೀಕ್ಷೆ ಮಾಡಿಸಿ.

ಎರಡನೆಯದು ಮನಸ್ಸು. ಹಾಡು ಮುಗಿದ ಮೇಲೆ ಮನಸ್ಸು ಹಗುರವಾದರೆ ಚಿಂತೆಯಿಲ್ಲ. ಆದರೆ ಎರಡು ವಾರ ಕಳೆದರೂ ಬೇಸರ ಹೋಗದೆ, ನಿದ್ದೆ, ಊಟ, ಓದು ಕೆಟ್ಟರೆ ಅದು ಖಿನ್ನತೆಯಾಗಿರಬಹುದು, ವೈದ್ಯರನ್ನು ಕಾಣಿ. ಸಾಯುವ ಮಾತು ಬಂದರೆ ಒಂದು ದಿನವೂ ಕಾಯಬೇಡಿ. ಸರ್ಕಾರದ ಟೆಲಿ ಮಾನಸ್ ಸಹಾಯವಾಣಿ 14416ಕ್ಕೆ ಹಗಲು ರಾತ್ರಿ ಉಚಿತವಾಗಿ ಕರೆಮಾಡಬಹುದು, ಕನ್ನಡದಲ್ಲೇ ಮಾತನಾಡುತ್ತಾರೆ.

ಹುಡುಗನಿಗೆ ಔಷಧಿ ಬೇಕಿರಲಿಲ್ಲ. “ಒಂದು ದಿನ ಮಗನ ಪಕ್ಕ ಕೂತು ನೀವೂ ಆ ಹಾಡು ಕೇಳಿ, ಅಜ್ಜಿಯ ಮಾತು ತೆಗೆಯಿರಿ” ಎಂದು ತಂದೆಗೆ ಹೇಳಿ ಕಳುಹಿಸಿದೆ.